ದೊಡ್ಮನೆಯ ನೀಲಿ ಭರಣಿ

ಆಮ್‌ಸ್ಟರ್‌ಡ್ಯಾಮಿನ ಪಕ್ಕದ ಬಾಡ್‌ಹೂವೆಡಾರ್ಪ್ ಇರುವ ನೆಲ ನೂರ ಎಪ್ಪತ್ತು ವರ್ಷಗಳ ಹಿಂದೆ ದೊಡ್ಡದೊಂದು ಕೆರೆಯ ತಳವಾಗಿತ್ತು. ನೀರು ಎತ್ತಿ ಹೊರಗೆ ಹಾಕಿ, ಕೆಸರು ಒಣಗಿಸಿ, ಗೆರೆ ಎಳೆದು ಊರು ಮಾಡಿದರು. ಹಾಗಾಗಿ ಅಲ್ಲಿ ಯಾರ ಮುತ್ತಜ್ಜನ ಅಪ್ಪನೂ ಹುಟ್ಟಿದವನಲ್ಲ. ಮೂಲನಿವಾಸಿ ಎಂದರೆ ಮೀನು ಮಾತ್ರ. ಇಂಥ ಊರಿನವರಿಗೆ ವಂಶಾವಳಿಯ ಹುಚ್ಚು ಹಿಡಿಯುವುದು ಸಹಜ. ಪ್ರತಿ ಬುಧವಾರ ಲೈಬ್ರರಿಯ ಹಿಂದಿನ ಕೋಣೆಯಲ್ಲಿ ಸ್ಥಳೀಯ ಇತಿಹಾಸ ಸಂಘದ ಏಳೆಂಟು ಮುದುಕ ಮುದುಕಿಯರು ಸೇರಿ, ಯಾರ ಮುತ್ತಜ್ಜಿಗೆ ಯಾವ ಚರ್ಚಿನಲ್ಲಿ ದೀಕ್ಷಾಸ್ನಾನ ಆಯಿತೆಂದು ಒಬ್ಬರನ್ನೊಬ್ಬರು ತಿದ್ದುತ್ತಾರೆ. ಅದೇ ಹೊತ್ತಿಗೆ ಮುಂದಿನ ಕೋಣೆಯಲ್ಲಿ ಹೊಸದಾಗಿ ದೇಶಕ್ಕೆ ಬಂದವರಿಗೆ ಡಚ್ ಮಾತಾಡಿಸುವ ಅಭ್ಯಾಸ. ಎರಡು ಕೋಣೆಗೂ ಕಾಫಿ ಯಂತ್ರ ಒಂದೇ. ಆದದ್ದಕ್ಕೆಲ್ಲ ಆ ಯಂತ್ರವೇ ಕಾರಣ ಎಂದು ಜಯದೇವ ಈಗಲೂ ಹೇಳುತ್ತಾನೆ.

ಜಯದೇವನ ಹೆಂಡತಿ ರಜನಿ ಬಸ್ರೂರಿನ ಹತ್ತಿರದ ನೆಲ್ವಾಡಿ ದೊಡ್ಮನೆಯವಳು. ಈ ಪರಿಚಯವನ್ನು ಅವಳೇ ಮೊದಲ ಐದು ನಿಮಿಷದಲ್ಲಿ ಕೊಟ್ಟುಬಿಡುವುದರಿಂದ ನಾವು ಕೊಟ್ಟರೆ ತಪ್ಪಿಲ್ಲ. ಜಯದೇವ ಮೈಸೂರಿನವನು, ಆಮ್‌ಸ್ಟರ್‌ಡ್ಯಾಮಿನ ಕಂಪನಿಯೊಂದರಲ್ಲಿ ಸಾಫ್ಟ್‌ವೇರ್ ಕೆಲಸ. ಅವನ ಮನೆತನ ಯಾವುದೆಂದು ಹದಿನೇಳು ವರ್ಷಗಳ ಸಂಸಾರದಲ್ಲಿ ಯಾರೂ ಕೇಳಿದ್ದಿಲ್ಲ. ಅವರಿಗೆ ಒಬ್ಬನೇ ಮಗ. ದೊಡ್ಮನೆಯಲ್ಲಿ ರಜನಿಯ ನಂತರ ಹೆಣ್ಣು ಹುಟ್ಟಿಲ್ಲ. ಇದನ್ನು ರಜನಿ ತಾನಾಗಿ ಯಾರಿಗೂ ಹೇಳುವುದಿಲ್ಲ.

ದೊಡ್ಮನೆಯ ಚಾವಡಿಯಲ್ಲಿ ಮೊಣಕಾಲೆತ್ತರದ ಒಂದು ಭರಣಿಯಿದೆ. ಬಿಳಿ ಮೈಮೇಲೆ ನೀಲಿಯಲ್ಲಿ ಹಡಗು, ಗಾಳಿಯಂತ್ರ, ಗರಿಯ ಟೋಪಿ ಹಾಕಿದ ಗಂಡಸು. ಮುಚ್ಚಳ ಯಾವ ಕಾಲದಲ್ಲೋ ಒಡೆದು, ಈಗ ಮೇಲೆ ಬಟ್ಟೆ ಕಟ್ಟುತ್ತಾರೆ. ಡಚ್ಚರ ಹಡಗುಗಳು ಅಕ್ಕಿಗಾಗಿ ಬಸ್ರೂರಿಗೆ ಬರುತ್ತಿದ್ದ ದಿನಗಳಲ್ಲಿ ಆಗಿನ ಯಜಮಾನ ಸಂಕಪ್ಪ ಹೆಗ್ಡೆಯವರಿಗೆ ಡಚ್ಚರ ವ್ಯಾಪಾರ ಕಂಪನಿ ಸಲ್ಲಿಸಿದ ಗೌರವ ಕಾಣಿಕೆ ಅದು ಎಂದು ಮನೆಯ ಮಾತು. ಗೌರವ ಹಳತಾದ ಮೇಲೆ ಅದರಲ್ಲಿ ಮಿಡಿ ಉಪ್ಪಿನಕಾಯಿ ಹಾಕುವ ಪದ್ಧತಿ ಶುರುವಾಯಿತು. ರಜನಿಯ ಫೋನಿನಲ್ಲಿ ಮಗನಷ್ಟೇ ಭರಣಿಯ ಫೋಟೋಗಳೂ ಇವೆ. ಒಮ್ಮೆ ಡೆಲ್ಫ್ಟಿನ ಹಳೆ ಸಾಮಾನಿನ ಅಂಗಡಿಯಲ್ಲಿ ಅದನ್ನು ತೋರಿಸಿದಾಗ ಅಂಗಡಿಯವನು ಕನ್ನಡಕ ಹಾಕಿ, ತೆಗೆದು, ಮತ್ತೆ ಹಾಕಿ, ಇದು ಇಲ್ಲಿಯದೇ, ಮುನ್ನೂರ ಐವತ್ತು ವರ್ಷ ಹಳತು ಎಂದನಂತೆ. ಈಗ ಅದರಲ್ಲಿ ಏನಿದೆ ಎಂದು ಕೇಳಿ, ಉತ್ತರ ಕೇಳಿಸಿಕೊಂಡು ಕುರ್ಚಿಯಲ್ಲಿ ಕೂತನಂತೆ.

ಡಚ್ ಅಭ್ಯಾಸಕ್ಕೆ ಹೋದ ರಜನಿಗೆ ಕಾಫಿ ಯಂತ್ರದ ಮುಂದೆ ಸಿಕ್ಕವಳು ಮರೈಕ. ಎಪ್ಪತ್ತೊಂಬತ್ತು ವರ್ಷ, ನಿವೃತ್ತ ದಾದಿ, ಇತಿಹಾಸ ಸಂಘದ ಕಾರ್ಯದರ್ಶಿ. ಮೈಬಣ್ಣ ಸುಮಾರಾಗಿ ನಮ್ಮದೇ. ತಂದೆ ತಾಯಿ ಇಂಡೋನೇಷ್ಯಾದಿಂದ ಹಡಗು ಹತ್ತಿ ಬಂದವರು. ಬಣ್ಣ ಎಲ್ಲಿಂದ ಬಂತು ಎಂದು ಕೇಳಿದವರಿಗೆ ಪೋರ್ಚುಗೀಸ್ ರಕ್ತ ಎಂದು ಹೇಳಬೇಕೆಂದು ಚಿಕ್ಕಂದಿನಲ್ಲೇ ಕಲಿಸಿದ್ದರು. ಅರವತ್ತು ವರ್ಷ ಹಾಗೆಯೇ ಹೇಳಿ, ನಿವೃತ್ತಿಯ ಮೇಲೆ ಸಂಶಯ ಬಂದು, ತಾಯಿಯ ತಾಯಿ, ಅವಳ ತಾಯಿ ಎಂದು ಮೇಲೆ ಹತ್ತತೊಡಗಿದಳು. ಹತ್ತು ತಾಯಂದಿರಾದ ಮೇಲೆ ಇಂಡೋನೇಷ್ಯಾದ ಬಟಾವಿಯ ಎಂಬ ಊರಿನ ಚರ್ಚಿನ ಪುಸ್ತಕದಲ್ಲಿ ಒಂದು ಹೆಸರು ಸಿಕ್ಕಿತು: ರೊಸೆಟ್ಟ, ಕನ್ನಡ ಕರಾವಳಿಯ ಬಸ್ರೂರಿನಿಂದ ತಂದವಳು, ಗುಲಾಮಳು. ಅಲ್ಲಿಗೆ ಏಣಿ ಮುಗಿಯಿತು. ರೊಸೆಟ್ಟ ಎಂಬುದು ಕೊಂಡವರು ಇಟ್ಟ ಹೆಸರು. ಅದಕ್ಕೂ ಮೊದಲು ಅವಳಿಗೊಂದು ಹೆಸರಿತ್ತಲ್ಲ, ಅಮ್ಮ ಕರೆಯುತ್ತಿದ್ದದ್ದು, ಅದು ಬೇಕು ಎಂದಳು ಮರೈಕ. ಅದಿಲ್ಲದೆ ಸಾಯುವುದು, ಬಾಗಿಲು ತೆರೆದಿಟ್ಟು ಮನೆಯಿಂದ ಹೊರಟಂತೆ ಎಂದಳು.

ಬಸ್ರೂರು ಎಂಬ ಶಬ್ದ ಕಿವಿಗೆ ಬಿದ್ದದ್ದೇ ರಜನಿಗೆ ಉಳಿದದ್ದು ಕೇಳಿಸಲಿಲ್ಲ. ತನಗೆ ಬರುವ ಅಷ್ಟೂ ಡಚ್ಚನ್ನು ಖರ್ಚು ಮಾಡಿ ಅಳಿಯಕಟ್ಟನ್ನು ವಿವರಿಸಿದಳು. ನಮ್ಮಲ್ಲಿ ಮನೆತನ ಹೋಗುವುದು ಹೆಣ್ಣಿನಿಂದ ಹೆಣ್ಣಿಗೆ. ಅಮ್ಮನ ಬಳಿ, ಅಂದರೆ ಕುಲ, ಯಾವುದೋ ಮಕ್ಕಳದ್ದೂ ಅದೇ ಬಳಿ. ಯಜಮಾನಿಕೆ ಸೋದರಮಾವನದು, ಹಿರಿತನ ಹಿರಿಯ ಹೆಣ್ಣಿನದು, ಗಂಡ ಎಂಬವನು ಬಂದು ಹೋಗುವವನು. ಎಷ್ಟು ತಲೆ ಕಳೆಯಲಿ, ಎಷ್ಟು ಸಮುದ್ರ ದಾಟಲಿ, ಹೆಣ್ಣಿನ ದಾರಿ ಕಡಿಯದಿದ್ದರೆ ಮನೆ ಕಡಿಯುವುದಿಲ್ಲ. ಮರೈಕ ಇದನ್ನು ತನ್ನ ಪುಸ್ತಕದಲ್ಲಿ ಬರೆದುಕೊಂಡು, ಕೊನೆಯ ವಾಕ್ಯದ ಕೆಳಗೆ ಗೆರೆ ಎಳೆದಳು. ರಜನಿಗೆ ಅದು ತನ್ನ ಡಚ್ಚಿಗೆ ಸಿಕ್ಕ ಮೆಚ್ಚುಗೆಯಂತೆ ಕಂಡಿತು.

ಆ ಡಚ್ ಕಂಪನಿಯ ಹಳೆಯ ಕಾಗದಗಳೆಲ್ಲ ಹೇಗ್ ನಗರದಲ್ಲಿವೆ. ಅವನ್ನು ಓದಬಲ್ಲ ಹುಡುಗಿಯೊಬ್ಬಳು ರಜನಿಯ ಮನೆಯ ಅಟ್ಟದ ಕೋಣೆಯಲ್ಲೇ ಇದ್ದಳು. ಹೆಸರು ಸ್ಮೃತಿ, ಹಾವೇರಿ ಕಡೆಯವಳು, ಲೈಡನ್ ವಿಶ್ವವಿದ್ಯಾಲಯದಲ್ಲಿ ಆ ಕಾಲದ ವ್ಯಾಪಾರದ ಮೇಲೆಯೇ ಪಿಎಚ್‌ಡಿ. ಈ ದೇಶದಲ್ಲಿ ಪ್ರೀತಿ ಸಿಗಬಹುದು, ಬಾಡಿಗೆ ಕೋಣೆ ಸಿಗುವುದಿಲ್ಲ. ಕೋಣೆ ಸಿಕ್ಕರೂ ಅದೇ ವಿಳಾಸದಲ್ಲಿ ಹೆಮೇಂಟೆಯಲ್ಲಿ, ಅಂದರೆ ಇಲ್ಲಿನ ಪುರಸಭೆಯಲ್ಲಿ, ಹೆಸರು ಬರೆಸಲು ಮನೆಯವರು ಒಪ್ಪುವುದಿಲ್ಲ. ಹೆಸರಿಲ್ಲದಿದ್ದರೆ ಬ್ಯಾಂಕಿಲ್ಲ, ವಿಮೆಯಿಲ್ಲ, ಮನುಷ್ಯಳೇ ಅಲ್ಲ. ರಜನಿ ಒಪ್ಪಿದ್ದಳು. ಆ ಋಣಕ್ಕೆ ಸ್ಮೃತಿ ನಾಲ್ಕು ತಿಂಗಳು ತನ್ನ ಕೆಲಸದ ನಡುವೆ ಬಸ್ರೂರಿನ ಗೋದಾಮಿನ ಪುಸ್ತಕಗಳನ್ನು ಹಾಳೆ ಹಾಳೆ ಮಗುಚಿದಳು. ಜನವರಿ ಮೊದಲ ವಾರ ಫೋನ್ ಮಾಡಿ, ಅಕ್ಕಾ, ಹುಡುಗಿ ಸಿಕ್ಕಳು, ನಿಮ್ಮ ದೊಡ್ಮನೆ ಹೆಸರೂ ಅದ್ರಾಗೈತಿ, ಸಂಕಪ್ಪ ಹೆಗ್ಡೆ ಹೆಸರೂ ಐತಿ, ಆದ್ರ ಎಂದಳು.

ಆದ್ರ ಎಂಬುದನ್ನು ರಜನಿ ಕೇಳಿಸಿಕೊಳ್ಳಲಿಲ್ಲ. ದೊಡ್ಮನೆಯವರು ಇತಿಹಾಸದಲ್ಲಿ ತಮ್ಮ ಹೆಸರಿದೆ ಎಂದು ಕೇಳಿದರೆ, ಯಾವ ಕೆಲಸಕ್ಕೆ ಇದೆ ಎಂದು ಕೇಳುವ ರೂಢಿಯವರಲ್ಲ. ಅಲ್ಲದೆ ಅವಳ ತಾಯಿ ಲೀಲಮ್ಮ ಮೂರು ತಿಂಗಳ ವೀಸಾದಲ್ಲಿ ಬಂದಿದ್ದರು. ಅಮ್ಮ ಇರುವಾಗಲೇ ಇದು ಆಗಬೇಕು. ರಜನಿ ಮುಂದಿನ ಭಾನುವಾರಕ್ಕೆ ಇಪ್ಪತ್ತೆರಡು ಜನರನ್ನು ಕರೆದಳು. ಮರೈಕಳನ್ನೂ ಕರೆದಳು. ಸ್ಮೃತಿ ಮೂರು ಸಲ ಅಡುಗೆಮನೆಗೆ ಬಂದು ಮೊದಲೇ ಒಮ್ಮೆ ಓದಿ ಹೇಳುತ್ತೇನೆ ಎಂದಳಂತೆ. ಸಿನಿಮಾ ಕಥೆ ಮೊದ್ಲೇ ಹೇಳಿದ್ರೆ ಯಾರು ನೋಡ್ತಾರೆ ಎಂದು ರಜನಿ ಮೂರು ಸಲವೂ ಕಾಯಿ ತುರಿಯುವುದನ್ನು ಮುಂದುವರಿಸಿದಳು. ನಾಲ್ಕನೆಯ ಸಲ ಬಾರದಿದ್ದದ್ದು ಸ್ಮೃತಿಯ ತಪ್ಪು. ಆದರೆ ಅವಳಿಗೂ ಪಾಪ ನಾಲ್ಕು ತಿಂಗಳ ದುಡಿಮೆ. ಹತ್ತು ಜನ ಕೇಳಲಿ ಎಂಬ ಆಸೆ ಪಂಡಿತರಿಗೆ ಇರದಿದ್ದರೆ ಪಾಂಡಿತ್ಯವೇ ಇರುತ್ತಿರಲಿಲ್ಲ.

ಲೀಲಮ್ಮನವರಿಗೆ ಎಪ್ಪತ್ತನಾಲ್ಕು. ಬಿಳಿ ಹತ್ತಿ ಸೀರೆ, ಮೇಲೊಂದು ಅಳಿಯನ ಜಾಕೆಟ್ಟು, ಕಿಟಕಿಯ ಪಕ್ಕದ ಕುರ್ಚಿ. ದಿನಾ ಬೆಳಿಗ್ಗೆ ಊರಿಗೆ ವಿಡಿಯೋ ಕಾಲ್. ಮೊದಲ ಪ್ರಶ್ನೆ, ಕೆಂಪಿ ಹುಲ್ಲು ತಿಂದಿತೇ ಎಂದು. ಕೆಂಪಿ ದೊಡ್ಮನೆಯ ಹಟ್ಟಿಯ ಮುದಿ ದನ. ಒಂದು ಕಣ್ಣು ಕಾಣದು, ಹಾಲು ನಿಂತು ಆರು ವರ್ಷ. ಮನುಷ್ಯರ ಸಮಾಚಾರ ಆಮೇಲೆ. ಬರುವ ಏಪ್ರಿಲಿನಲ್ಲಿ ಚಾವಡಿಯ ಜೀರ್ಣೋದ್ಧಾರ ಮುಗಿದು ದೀಪ ಒಳಗೆ ತರುವುದಿತ್ತು. ಅದನ್ನು ತರುವ ಹಕ್ಕು ಬಳಿಯ ಅತ್ಯಂತ ಹಿರಿಯ ಹೆಣ್ಣಿನದು, ಬೇರೆ ಯಾರದೂ ಅಲ್ಲ. ಲೀಲಮ್ಮನ ಅಕ್ಕ ತೊಂಬತ್ತೊಂದು ವರ್ಷ ಬದುಕಿ ಕಳೆದ ವರ್ಷವಷ್ಟೇ ತೀರಿಕೊಂಡಿದ್ದರು. ಹುಟ್ಟಿದಂದಿನಿಂದ ಎರಡನೆಯವರಾಗಿದ್ದ ಲೀಲಮ್ಮ ಈಗ ಮೊದಲನೆಯವರಾಗಿ ಎಂಟು ತಿಂಗಳಾಗಿತ್ತು. ದೀಪಕ್ಕೆಂದು ಉಡುವ ಸೀರೆಯನ್ನು ಸೂಟ್‌ಕೇಸಿನಲ್ಲಿ ಇಲ್ಲಿಗೂ ತಂದಿದ್ದರು, ಅಲ್ಲಿ ಬಿಟ್ಟರೆ ಯಾರಾದರೂ ಉಟ್ಟುಬಿಟ್ಟಾರೆಂದು.

ಭಾನುವಾರ ಕೋಳಿ ಸಾರು, ರೊಟ್ಟಿ, ಕುಚಲಕ್ಕಿ ಅನ್ನ, ಮತ್ತು ನೀಲಿ ಭರಣಿಯಿಂದಲೇ ತುಂಬಿ ತಂದ ಮಿಡಿ. ತಟ್ಟೆ ಕೈಯಲ್ಲಿರುವಾಗಲೇ ರಜನಿ ಚಪ್ಪಾಳೆ ತಟ್ಟಿ ಸ್ಮೃತಿಯನ್ನು ನಿಲ್ಲಿಸಿದಳು. ಟಿವಿಯ ಮೇಲೆ ಕಂದು ಹಾಳೆಯ ಚಿತ್ರ ಬಂತು. ಸ್ಮೃತಿ ಮೊದಲು ಡಚ್ಚಿನಲ್ಲಿ ಓದಿದಳು. ಮರೈಕ ಕೈಯಲ್ಲಿದ್ದ ನೀರಿನ ಲೋಟವನ್ನು ಮೇಜಿನ ಮೇಲಿಟ್ಟಳು. ಆಮೇಲೆ ಸ್ಮೃತಿ ಕನ್ನಡದಲ್ಲಿ ಓದಿದಳು, ಪಾಠ ಒಪ್ಪಿಸುವವಳಂತೆ, ತಲೆ ಎತ್ತದೆ.

"ಬಸ್ರೂರು ಗೋದಾಮು, ಜನವರಿ ಸಾವಿರದ ಆರುನೂರ ಎಂಬತ್ತೊಂದು. ನೆಲ್ವಾಡಿ ದೊಡ್ಮನೆಯ ಸಂಕಪ್ಪ ಹೆಗ್ಡೆಯಿಂದ, ಅವನ ತಂಗಿಯ ಮಗಳು, ಒಂದು. ವಯಸ್ಸು ಸುಮಾರು ಒಂಬತ್ತು. ಹಲ್ಲು ಸರಿಯಿವೆ. ಎಡ ಮೊಣಕೈಯಲ್ಲಿ ಸುಟ್ಟ ಕಲೆ. ಹೆಚ್ಚು ಅಳುವುದಿಲ್ಲ. ಈ ನಾಡಿನ ಪದ್ಧತಿಯಂತೆ ಕೊಡುವ ಹಕ್ಕು ತಾಯಿಯ ಅಣ್ಣನದಾದ್ದರಿಂದ ತಂದೆಯನ್ನು ಕೇಳಲಿಲ್ಲ. ಬದಲಿಗೆ ಕೊಟ್ಟದ್ದು, ನೀಲಿ ಚಿತ್ರದ ದೊಡ್ಡ ಭರಣಿ ಒಂದು, ಮುಚ್ಚಳ ಸಹಿತ. ಹುಡುಗಿಗೆ ರೊಸೆಟ್ಟ ಎಂದು ಹೆಸರಿಡಲಾಯಿತು."

ಯಾಕೆ ಕೊಟ್ಟ ಎಂದು ಬರೆದಿರಲಿಲ್ಲ. ಆ ಪುಸ್ತಕದಲ್ಲಿ ಕಾರಣ ಬರೆಯುವ ಜಾಗವೇ ಇರಲಿಲ್ಲ.

ಬಾಯಲ್ಲಿ ಮಿಡಿ ಇದ್ದವರಿಗೆ ಅದನ್ನು ನುಂಗುವುದೋ ಉಗಿಯುವುದೋ ತಿಳಿಯಲಿಲ್ಲ. ಮಗನ ಮನೆಗೆ ಬಂದಿದ್ದ ಹುಬ್ಬಳ್ಳಿಯ ಬಸವಲಿಂಗಪ್ಪ ಮೇಷ್ಟ್ರು, ಹಿರಿಯರೆಂಬ ಕರ್ತವ್ಯಕ್ಕೆ, ಆ ಕಾಲ ಹಂಗಿತ್ತು ನೋಡ್ರಿ, ಬರಗಾಲ ಇರಬೇಕು ಎಂದರು. ಗಾನವಿ ಎಂಬಾಕೆ ಎದ್ದು ಹೋಗಿ ಮೊಸರು ಬಡಿಸಿಕೊಂಡಳು. ಮರೈಕ ಸ್ಮೃತಿಯ ಹತ್ತಿರ ಬಂದು, ಅಳುವುದಿಲ್ಲ ಎಂಬ ಸಾಲು ಯಾವುದು ಎಂದು ಕೇಳಿ, ಟಿವಿಯ ಮೇಲೆ ಆ ಜಾಗದಲ್ಲಿ ಬೆರಳಿಟ್ಟು ನಿಂತಳು.

ಹದಿನೇಳು ವರ್ಷ ಬಂದು ಹೋಗುವವನಾಗಿ ಬಾಳಿದ ಜಯದೇವನಿಗೆ ಆಗ ತಡೆಯಲಾಗಲಿಲ್ಲ. ಬಹಳ ವಿನಯದಿಂದ ಅತ್ತೆಯ ಕಡೆ ತಿರುಗಿದ.

"ಅತ್ತೆ, ಹೆಣ್ಣಿನ ದಾರಿ ಅಂದ್ರೆ ಇವರದ್ದೂ ನಿಮ್ಮ ಬಳಿನೇ ಆಯ್ತಲ್ಲ. ಇವರಿಗೆ ಎಪ್ಪತ್ತೊಂಬತ್ತು. ಹಾಗಾದ್ರೆ ದೊಡ್ಮನೆಗೆ ಹಿರಿ ಹೆಣ್ಣು ಯಾರು?"

ಲೀಲಮ್ಮ ಜಾಕೆಟ್ಟಿನ ಜಿಪ್ಪನ್ನು ಕುತ್ತಿಗೆಯವರೆಗೆ ಎಳೆದುಕೊಂಡರು. ಜಯದೇವ ಮುಂದಿನ ಎರಡು ವಾರ ಮಗನ ಕೋಣೆಯಲ್ಲಿ ಮಲಗಿದ.

ಜನ ಹೋದ ಮೇಲೆ ಅಡುಗೆಮನೆಯಲ್ಲಿ ಲೀಲಮ್ಮ ತಟ್ಟೆ ತೊಳೆದರು, ಸ್ಮೃತಿ ಒರೆಸಿದಳು, ರಜನಿ ಏನೂ ಮಾಡದೆ ನಿಂತಿದ್ದಳು. ರಜನಿಗೆ ಚಿಕ್ಕಂದಿನಿಂದ ಗೊತ್ತಿದ್ದ ಒಂದು ಸಂಗತಿ ಈಗ ಹೊಸ ಮುಖದಲ್ಲಿ ಎದುರು ಬಂದಿತ್ತು. ಪ್ರತಿ ಮಹಾಲಯ ಅಮಾವಾಸ್ಯೆಗೆ ಹಿರಿಯರಿಗೆಲ್ಲ ಎಲೆ ಹಾಕಿದ ಮೇಲೆ, ಹಿಂಬಾಗಿಲ ಹೊರಗೆ ಒಂದು ಚಿಕ್ಕ ಎಲೆ. ಅನ್ನ, ಬೆಲ್ಲ, ಉಪ್ಪಿಲ್ಲ. ಬಾವಿಗೆ ಬಿದ್ದು ಸತ್ತ ಹೆಣ್ಣುಮಗುವಿಗೆ ಎಂದು ಹೇಳುತ್ತಿದ್ದರು. ಬಡಿಸುವವಳು ಬಗ್ಗಿ ಒಮ್ಮೆ ಹೆಸರು ಹಿಡಿದು ಕರೆಯಬೇಕು, ಮಿಕ್ಕವರು ಕಿವಿ ಮುಚ್ಚಿಕೊಳ್ಳಬೇಕು. ಆ ಹೆಸರನ್ನು ದೊಡ್ಮನೆಯಲ್ಲಿ ಯಾವ ಮಗುವಿಗೂ ಇಡುವಂತಿಲ್ಲ. ದುಗ್ಗು.

"ಬಾವಿ ತೋಡಿದ್ದೇ ನನ್ನ ಅಜ್ಜಿ ಕಾಲದಗೆ," ಎಂದರು ಲೀಲಮ್ಮ, ತಟ್ಟೆಯಿಂದ ಕಣ್ಣೆತ್ತದೆ. "ಅದ್ಕೂ ಮುಂಚೆ ಎಲ್ರೂ ಕೆರಿ ನೀರೇ. ಇಲ್ಲದ್ ಬಾವಿಗೆ ಹ್ಯಾಂಗ್ ಬಿತ್ತ್ ಅದ್? ಸಣ್ಣದಿಪ್ಪತಿಗೆ ಕೇಂಡಿದ್ದೆ, ಅಮ್ಮ ಕೆನ್ನಿಗ್ ಹೊಡ್ದಿತ್ತ್."

ಸ್ಮೃತಿಗೆ ಕುಂದಾಪುರದ ಮಾತು ಅರ್ಧ ಅರ್ಥವಾಗುತ್ತಿತ್ತು. ಆ ಚಿಕ್ಕ ಎಲೆಯ ಸಂಗತಿಯನ್ನು ರಜನಿ ಯಾವಾಗಲೋ ಹೇಳಿದ್ದರಿಂದ ಈ ಅರ್ಧ ಸಾಕಾಯಿತು. ಮರೈಕ ಕೇಳಿದ್ದು ಹೆಸರೊಂದೇ, ಹೇಳಿಬಿಡಬಹುದಲ್ಲ ಎಂದಳು.

"ಹೆಸ್ರ್ ಕೊಟ್ರೆ ಮನಿ ಕೊಟ್ಟಂಗೆ, ಹೆಣ್ಣೆ."

ರಜನಿ ಕೊನೆಗೆ ಬಾಯಿ ಬಿಟ್ಟಳು. ಸಿಟ್ಟೇನೂ ಇರಲಿಲ್ಲ, ಅಕ್ಕನ ದನಿಯೇ. ಅಟ್ಟದ ಕೋಣೆಯ ಕಾಗದ ಮಾರ್ಚ್ ಕೊನೆಗೆ ಮುಗಿಯುತ್ತದಲ್ಲ, ಅದನ್ನು ಇನ್ನೊಂದು ವರ್ಷಕ್ಕೆ ಬರೆಯಬೇಕು, ನೆನಪು ಮಾಡು ಎಂದಳು. ಈಚೆಗೆ ಹೆಮೇಂಟೆಯವರು ವಿಳಾಸದ ವಿಷಯದಲ್ಲಿ ಬಹಳ ಬಿಗಿ ಮಾಡಿದ್ದಾರಂತೆ ಎಂದೂ ಹೇಳಿದಳು. ಸ್ಮೃತಿ ಒರೆಸಿದ್ದ ತಟ್ಟೆಯನ್ನೇ ಮತ್ತೊಮ್ಮೆ ಒರೆಸಿದಳು.

ಎರಡು ವಾರಗಳ ಮೇಲೆ ಮರೈಕ ಬಂದಳು. ಡಚ್ಚರು ಅಳುವುದಕ್ಕೂ ಹೊತ್ತು ಗೊತ್ತುಮಾಡಿಕೊಂಡು ಬರುವವರು. ಶನಿವಾರ ಹತ್ತೂವರೆ ಎಂದು ಕಾರ್ಡ್ ಬರೆದು, ಹತ್ತೂವರೆಗೆ ಸೇಬಿನ ಕೇಕಿನೊಡನೆ ಬಾಗಿಲಲ್ಲಿದ್ದಳು. ಸ್ಮೃತಿಯನ್ನೂ ಕರೆಸಿ ಕೂರಿಸಿದಳು, ಅನುವಾದದಲ್ಲಿ ಮಾತು ತಪ್ಪದಿರಲೆಂದು. ಯೋಚಿಸಿ ತಂದ ಮಾತನ್ನು ಕಾಗದ ನೋಡಿಕೊಂಡು ಹೇಳಿದಳು. ನನಗೆ ಮನೆಯಲ್ಲಿ ಪಾಲು ಬೇಡ, ಭರಣಿ ಬೇಡ, ಕ್ಷಮೆಯೂ ಬೇಡ, ನೀವು ಮಾರಿದವರಲ್ಲ. ನಿಮ್ಮಲ್ಲಿ ಹೆಸರುಗಳನ್ನು ಬಾಯಲ್ಲೇ ಇಟ್ಟುಕೊಂಡಿರುತ್ತೀರಿ ಎಂದು ರಜನಿ ಹೇಳಿದ್ದರು. ಆ ಮಗುವಿನ ಹೆಸರು ಗೊತ್ತಿದ್ದರೆ ಹೇಳಿ. ಇನ್ನೊಂದು, ಏಪ್ರಿಲಿನಲ್ಲಿ ನಿಮ್ಮ ಮನೆಯ ದೀಪ ತರುವ ದಿನ ಬಂದು, ಹಿಂದೆ ಎಲ್ಲಾದರೂ ನಿಂತು ನೋಡಬಹುದೇ.

ರಜನಿ ಎಲ್ಲವನ್ನೂ ಅಮ್ಮನಿಗೆ ಹೇಳಿದಳು. ಎರಡನೆಯದಕ್ಕೆ ಲೀಲಮ್ಮ ಕೂಡಲೇ ಉತ್ತರ ಕೊಟ್ಟರು. ಏಪ್ರಿಲಿನಲ್ಲಿ ಅಲ್ಲಿ ಸೆಖೆ, ಕರೆಂಟಿಲ್ಲ, ಹಾವು ಬರುತ್ತವೆ, ಈ ವಯಸ್ಸಿನವರಿಗೆ ಕಷ್ಟ. ತನಗಿಂತ ಐದು ವರ್ಷಕ್ಕೆ ಹಿರಿಯಳಾದವಳ ಆರೋಗ್ಯದ ಬಗ್ಗೆ ಅವರಿಗೆ ಅಂದು ಹುಟ್ಟಿದ ಕಾಳಜಿ ನೋಡುವಂತಿತ್ತು. ಮರೈಕ ತಲೆಯಾಡಿಸಿದಳು. ಇಷ್ಟು ದಿನ ಹೋಗದಿದ್ದವಳು ಇನ್ನೂ ಹೋಗದಿರಬಲ್ಲೆ ಎಂದಳು. ಹೆಸರು?

ಲೀಲಮ್ಮ ಕೇಕಿನ ತುಂಡನ್ನು ಚಮಚದಲ್ಲಿ ಕತ್ತರಿಸಿದರು. ಇಲ್ಲ ಎನ್ನಬಹುದಿತ್ತು. ಗೊತ್ತಿಲ್ಲ ಎಂದಿದ್ದರೆ ಮುದುಕಿ ಅದನ್ನೂ ಕಾಗದದಲ್ಲಿ ಬರೆದುಕೊಂಡು ಹೋಗುತ್ತಿದ್ದಳು. ಆದರೆ ಗೊತ್ತಿಲ್ಲ ಎಂದವರ ಬಾಗಿಲಿಗೆ ಜನ ಮತ್ತೆ ಬರುತ್ತಾರೆ, ಊರಿಗೇ ಹೋಗಿ ಬೇರೆಯವರನ್ನು ಕೇಳುತ್ತಾರೆ. ಸಿಕ್ಕವರು ಮಾತ್ರ ಹುಡುಕುವುದನ್ನು ನಿಲ್ಲಿಸುತ್ತಾರೆ. ನಾಲ್ಕು ತಲೆಮಾರಿನ ಜಗಳ ನೋಡಿದವರಿಗೆ ಇದು ಗೊತ್ತಿರುತ್ತದೆ.

"ಹೆಸ್ರ್ ಇತ್ತ್," ಎಂದರು. "ಕೆಂಪಿ."

ರಜನಿ ಇದನ್ನು ಡಚ್ಚಿಗೆ ತಿರುಗಿಸಬೇಕಾಗಿ ಬರಲಿಲ್ಲ. ಅವಳು ಕಪ್ಪನ್ನು ತಟ್ಟೆಯ ಮೇಲೆ ಇಡುವಾಗ ಸ್ವಲ್ಪ ಸದ್ದಾಯಿತು, ಅಷ್ಟೇ. ಮರೈಕ ಆ ಎರಡಕ್ಷರವನ್ನು ಮೆಲ್ಲಗೆ ಬಾಯಲ್ಲಿ ತಿರುಗಿಸಿ ನೋಡಿದಳು. ಅರ್ಥವೇನು ಎಂದು ಕೇಳಿದಳು. ಕೆಂಪು ಬಣ್ಣದವಳು ಎಂದು ರಜನಿ ಹೇಳಿದಳು, ಅದರಲ್ಲಿ ಸುಳ್ಳಿಲ್ಲ. ಮರೈಕ ಆಮೇಲೆ ಸ್ಮೃತಿಯ ಕಡೆ ತಿರುಗಿದಳು. ನೀನು ಕಲಿತವಳು, ಇದನ್ನು ನಂಬಬಹುದೇ ಎಂದು ನೇರ ಕೇಳಿದಳು. ಈ ದೇಶದವರ ಕೆಟ್ಟ ಅಭ್ಯಾಸ ಅದು, ನೇರ ಕೇಳುವುದು.

ಸ್ಮೃತಿ ಗೋಡೆ ನೋಡಿದಳು. ಬರಹದ ಆಧಾರ ಇಲ್ಲದ ಕಡೆ ಮನೆತನದ ಬಾಯಿಮಾತಿಗೆ ಈಚಿನ ಸಂಶೋಧನೆಯಲ್ಲಿ ಬಹಳ ಬೆಲೆಯಿದೆ ಎಂದಳು. ವಾಕ್ಯ ಶುದ್ಧವಾಗಿತ್ತು. ಅವಳ ಗೈಡ್ ಕೇಳಿದ್ದರೆ ಮೆಚ್ಚುತ್ತಿದ್ದರು.

ಆಗ ಮರೈಕ ಅತ್ತಳು. ಸದ್ದಿಲ್ಲದೆ, ಸ್ವಲ್ಪವೇ. ಲೀಲಮ್ಮನ ಎರಡೂ ಕೈ ಹಿಡಿದು, ಮೂರು ಸಲ ಕೆನ್ನೆಗೆ ಕೆನ್ನೆ ತಾಗಿಸಿ ಹೊರಟುಹೋದಳು. ಲೀಲಮ್ಮ ಬಚ್ಚಲಿಗೆ ಹೋಗಿ ಮುಖ ತೊಳೆದು ಬಂದು, ಊರಿಗೆ ಫೋನ್ ಹಚ್ಚಿದರು. ಕೆಂಪಿ ಎರಡು ದಿನದಿಂದ ಹುಲ್ಲು ಮೂಸುವುದಿಲ್ಲ ಎಂದು ಅಲ್ಲಿಂದ ಹೇಳಿದರು.

ಸಂಗತಿ ವಾರದೊಳಗೆ ಆಮ್‌ಸ್ಟೆಲ್‌ವೀನಿನಿಂದ ಐಂಡ್‌ಹೋವನ್‌ವರೆಗಿನ ಕನ್ನಡಿಗರಿಗೆಲ್ಲ ತಲುಪಿತು. ಕೆಲವರು ಛೆ ಎಂದರು, ಛೆ ಎನ್ನುವ ಮುಂಚೆ ನಕ್ಕರು. ಮರೈಕಳಿಗೆ ಹೇಳಬೇಕು ಎಂದು ಮೂರು ಮನೆಗಳಲ್ಲಿ ಮೂರು ಸಂಜೆ ತೀರ್ಮಾನವಾಯಿತು. ನಮ್ಮಲ್ಲಿ ಗುಟ್ಟು ಎಂದರೆ ಎಲ್ಲರಿಗೂ ಗೊತ್ತಿದ್ದು, ಬೇಕಾದವರಿಗೆ ಮಾತ್ರ ಗೊತ್ತಿಲ್ಲದ್ದು. ಅದನ್ನು ನಾವು ಚೆನ್ನಾಗಿ ಕಾಪಾಡುತ್ತೇವೆ.

ಫೆಬ್ರವರಿ ಕೊನೆಗೆ ರಜನಿಯ ಮನೆಗೆ ಒಂದು ಕಾರ್ಡ್ ಬಂತು. ತಿಳಿಗುಲಾಬಿ ಬಣ್ಣ, ಮೇಲೊಂದು ಕೊಕ್ಕರೆ. ಡೆಲ್ಫ್ಟಿನಲ್ಲಿರುವ ಮರೈಕಳ ಮೊಮ್ಮಗಳು ಲೊಟ್ಟ ಹೆಣ್ಣು ಹೆತ್ತಿದ್ದಳು. ಮಗಳ ಮಗಳ ಮಗಳು. ಕಾರ್ಡಿನ ನಡುವೆ ದೊಡ್ಡ ಅಕ್ಷರದಲ್ಲಿ ಮಗುವಿನ ಹೆಸರು: ಕೆಂಪಿ. ಕೆಳಗೆ ಚಿಕ್ಕದಾಗಿ, ಮುನ್ನೂರ ನಲವತ್ತೈದು ವರ್ಷಗಳ ಮೇಲೆ ಮನೆಗೆ ಮರಳಿದವಳು. ಜಯದೇವ ಅದನ್ನು ಗಟ್ಟಿಯಾಗಿ ಓದಿ, ಬಚ್ಚಲಿಗೆ ಹೋಗಿ ಬಾಗಿಲು ಹಾಕಿಕೊಂಡ. ಹೊರಗೆ ಬಂದಾಗ ಕಣ್ಣು ಕೆಂಪಾಗಿದ್ದವು. ನಕ್ಕು ಆದದ್ದೋ ಬೇರೆಯೋ ಹೇಳಲಾರೆವು.

ಹೋಗದಿದ್ದರೆ ಚೆನ್ನಾಗಿರುವುದಿಲ್ಲ ಎಂದು ಲೀಲಮ್ಮನೇ ಹೇಳಿದರು. ಮಾರ್ಚ್ ಮೊದಲ ಭಾನುವಾರ ರೈಲಿನಲ್ಲಿ ಡೆಲ್ಫ್ಟಿಗೆ ಹೋದರು: ಲೀಲಮ್ಮ, ರಜನಿ, ಜಯದೇವ, ಮತ್ತು ಮರೈಕ ಹೆಸರು ಹಿಡಿದು ಕರೆದಿದ್ದರಿಂದ ಸ್ಮೃತಿ. ಕೋಣೆಯ ಕಾಗದಕ್ಕೆ ಹಿಂದಿನ ದಿನವಷ್ಟೇ ಸಹಿ ಬಿದ್ದಿತ್ತು. ಉಡುಗೊರೆಯಾಗಿ ಲೀಲಮ್ಮ ಒಂದು ಸೀಸೆ ಮಿಡಿ ತಂದಿದ್ದರು. ಅದು ಆ ಭರಣಿಯದೇ ಎಂದು ತಿಳಿದ ಮರೈಕ ಸೀಸೆಯನ್ನು ಎರಡೂ ಕೈಯಲ್ಲಿ ತೆಗೆದುಕೊಂಡು, ತಿನ್ನುವ ಮೇಜಿನ ಮೇಲಲ್ಲ, ಅಮ್ಮನ ಫೋಟೋದ ಪಕ್ಕದ ಕಪಾಟಿನಲ್ಲಿಟ್ಟಳು. ಬಂದವರಿಗೆಲ್ಲ ಇಲ್ಲಿನ ಪದ್ಧತಿಯಂತೆ ಬೆಣ್ಣೆ ಸವರಿದ ದುಂಡನೆ ರಸ್ಕಿನ ಮೇಲೆ ಗುಲಾಬಿ ಬಣ್ಣದ ಸೋಂಪಿನ ಕಾಳು ಉದುರಿಸಿ ಕೊಟ್ಟರು. ಹೆಣ್ಣು ಹುಟ್ಟಿದರೆ ಗುಲಾಬಿ. ಲೀಲಮ್ಮ ಎರಡು ತಿಂದರು.

ಲೊಟ್ಟ ಮಗುವನ್ನು ತಂದು ಅವರ ಮಡಿಲಲ್ಲಿ ಮಲಗಿಸಿದಳು. ಹತ್ತು ದಿನದ ಕೂಸು, ಕಪ್ಪು ಕೂದಲು, ಮುಷ್ಟಿ ಬಿಗಿದಿತ್ತು. ಲೀಲಮ್ಮ ತುಂಬ ಹೊತ್ತು ನೋಡಿದರು. ದೊಡ್ಮನೆಯಲ್ಲಿ ಹೆಣ್ಣು ಹುಟ್ಟಿ ನಲವತ್ತೆರಡು ವರ್ಷ, ಇನ್ನು ಅಲ್ಲಿ ಹುಟ್ಟುವ ಸಂಭವವೂ ಇಲ್ಲ. ತಾನು ಏಪ್ರಿಲಿನಲ್ಲಿ ಒಳಗೆ ತರುವ ದೀಪವನ್ನು ರಜನಿಯ ನಂತರ ತರಬಲ್ಲವರು ಭೂಮಿಯ ಮೇಲೆ ಈ ಮನೆಯ ಹೆಣ್ಣುಗಳೇ, ಅವರಲ್ಲಿ ಕೊನೆಯದು ಇದು. ಲೆಕ್ಕ ಅವರಿಗೆ ನಮಗಿಂತ ಚೆನ್ನಾಗಿ ಬರುತ್ತಿತ್ತು. ಅವರು ಮಗುವಿನ ಎಡಗೈಯನ್ನು ಬಟ್ಟೆಯಿಂದ ಹೊರಗೆ ತೆಗೆದು ಮೊಣಕೈ ಸವರಿದರು. ಬಾಯಿ ತೆರೆದರು. ತುಟಿ ಮೊದಲ ಅಕ್ಷರಕ್ಕೆ ಕೂಡಿಕೊಂಡದ್ದನ್ನು ಸ್ಮೃತಿ ನೋಡಿದಳು. ಅದು ಕೆ ಆಗಿರಲಿಲ್ಲ. ರಜನಿಯೂ ನೋಡಿ, ಅಮ್ಮ, ಎಂದಳು. ಲೀಲಮ್ಮ ಬಾಯಿ ಮುಚ್ಚಿ, ಕೈಯನ್ನು ಬಟ್ಟೆಯೊಳಗೆ ಸೇರಿಸಿದರು.

ನಾವು ಸರಿಯಾಗಿ ಕರೆಯುತ್ತಿದ್ದೇವೋ ಇಲ್ಲವೋ ಗೊತ್ತಿಲ್ಲ, ನೀವು ಕಲಿಸಿಕೊಡಿ ಎಂದಳು ಮರೈಕ. ಸ್ಮೃತಿ ಹೇಳಿಕೊಡು ಎಂದಳು ರಜನಿ. ಸ್ಮೃತಿ ಹೇಳಿದಳು. ಕೆಂಪಿ. ಇನ್ನೊಮ್ಮೆ ಎಂದರು. ಕೆಂಪಿ. ಲೊಟ್ಟ ಹೇಳಿದಳು, ಅವಳ ಗಂಡ ಹೇಳಿದ, ಲೊಟ್ಟಳ ತಾಯಿ ಹೇಳಿದಳು.

"ಹಾಂಗಲ್ಲ," ಎಂದರು ಲೀಲಮ್ಮ. "ಎಳ್ದ್ ಕರೀಕ್."

ಹಟ್ಟಿಯ ಬಾಗಿಲಲ್ಲಿ ನಿಂತು ನಲವತ್ತು ವರ್ಷ ಕರೆದ ಗಂಟಲು ಅದು. ಈ ಕೆಂಪಿಗೂ, ಅದಕ್ಕೆ ಮುಂಚಿನ ಎರಡು ಕೆಂಪಿಗಳಿಗೂ. ಮೊದಲು ತಗ್ಗಿನಲ್ಲಿ ಎತ್ತಿ, ಕೊನೆಯನ್ನು ಗದ್ದೆಯಾಚೆಗೆ ಮುಟ್ಟುವಷ್ಟು ಉದ್ದಕ್ಕೆ ಬಿಟ್ಟರು. ಮನೆಯವರು ಮೆಚ್ಚಿ ಒಬ್ಬರ ಮುಖ ಒಬ್ಬರು ನೋಡಿಕೊಂಡು, ಎಲ್ಲರೂ ಒಟ್ಟಿಗೆ, ಮರೈಕ ಎಲ್ಲರಿಗಿಂತ ಗಟ್ಟಿಯಾಗಿ, ಅದೇ ರಾಗದಲ್ಲಿ ಕರೆದರು. ಜಯದೇವ ಕಿಟಕಿಯ ಹತ್ತಿರ ಹೋಗಿ ಕಾಲುವೆ ನೋಡುತ್ತ ನಿಂತ. ಸ್ಮೃತಿ ತನ್ನ ಪಾಲಿನದನ್ನೂ ಕರೆದಳು.

ಮಗು ಕಣ್ಣು ಬಿಟ್ಟು, ಕೂಗು ಬಂದ ಕಡೆ ತಲೆ ತಿರುಗಿಸಿತು. ಎಲ್ಲರಿಗೂ ಸಂತೋಷವಾಯಿತು.